ಡಾಸ್ ಪಂಡಿತನ ಕೈಗೆ ಬಂದ ಮೌಸ್

ನಲವತ್ತೆರಡು ಕಮಾಂಡು ಬಾಯಿಪಾಠ ಇದ್ದವನನ್ನು ಒಂದು ಪ್ಲಾಸ್ಟಿಕ್ ಇಲಿಯ ಮುಂದೆ ಕೂರಿಸುವುದು ಯಾವ ನ್ಯಾಯ, ನೀವೇ ಹೇಳಿ. ಸೊಲ್ಲಾಪುರದ ಎಂಐಡಿಸಿ ಕೈಗಾರಿಕಾ ಪ್ರದೇಶದಲ್ಲಿರುವ ನಮ್ಮ ಟವೆಲ್ ಕಾರ್ಖಾನೆಯಲ್ಲಿ ಆಗ ಕಂಪ್ಯೂಟರ್ ಬಲ್ಲವನು ನಾನೊಬ್ಬನೇ. ಕಪ್ಪು ಪರದೆಯ ಮೇಲೆ ಡಾಸ್ ಕಮಾಂಡು ಕುಟ್ಟುವಾಗ ಇಡೀ ಆಫೀಸು ಉಸಿರು ಬಿಗಿಹಿಡಿಯುತ್ತಿತ್ತು. (ನಾನೂ ಹಿಡಿಯುತ್ತಿದ್ದೆ; ಅದು ಬೇರೆ ಮಾತು.)

ತೊಂಬತ್ತೇಳರ ಒಂದು ಶನಿವಾರ ಮಾಲಕರಾದ ಚನ್ನವೀರಪ್ಪನವರು ವಿಂಡೋಸ್ ಹಾಕಿದ ಹೊಸ ಯಂತ್ರ ತರಿಸಿದರು.

"ಪ್ರಹ್ಲಾದರಾವ, ಮನಿಗೆ ಒಯ್ದು ಕಲೀರಿ. ಸೋಮವಾರ ಟವೆಲ್ ಅಂಚಿನ ಡಿಸೈನ್ ಇದರಾಗ ಬೇಕು. ಆಗಂಗಿಲ್ಲಂದ್ರ ನಿಮ್ಮನ್ನ ಗೋದಾಮಿಗೆ ಹಾಕ್ತೀನಿ."

ಭಾನುವಾರ ಬೆಳಿಗ್ಗೆ ನಮ್ಮ ಮೇಜಿನ ಮೇಲೆ ಯಂತ್ರದ ಪ್ರತಿಷ್ಠಾಪನೆಯಾಯಿತು. ಗುಂಡಿ ಒತ್ತಿದರೆ, ಪರದೆಯ ತುಂಬ ನೀಲಿ ಆಕಾಶ, ಬಿಳಿ ಮೋಡ! ಹೆಂಡತಿ ಚಂದ್ರಭಾಗಾ ಹಿಟ್ಟಿನ ಕೈಯಲ್ಲೇ ಓಡಿಬಂದಳು. ಇಬ್ಬರೂ ಕೈಮುಗಿಯುವುದೊಂದು ಬಾಕಿ.

ನಾನು ಮೌಸನ್ನು ಎತ್ತಿ ಪರದೆಗೆ ತೋರಿಸಿದೆ. ಅದರ ಮೇಲಿನ ಬಾಣದ ಗುರುತು ಅಲುಗಲಿಲ್ಲ.

"ಆರತಿ ಮಾಡಾಕತ್ತೀರೇನ್ರಿ? ಕೆಳಗಿಟ್ಟು ಸರಸ್ರಿ."

ಸರಿಸಿದೆ. ಮೇಜು ಮುಗಿಯಿತು, ಬಾಣ ಇನ್ನೂ ಅರ್ಧ ದಾರಿಯಲ್ಲಿ. "ಇನ್ನೊಂದು ಮೇಜು ಜೋಡಸಬೇಕು," ಎಂದೆ ಗಂಭೀರವಾಗಿ.

"ನೀವ ಸರೀರಿ ಮೊದಲ," ಎಂದು ಕೈ ತೊಳೆದು ಬಂದು ಕೂತಳು.

ಮಧ್ಯಾಹ್ನದೊಳಗೆ ಪರದೆಯ ಮೇಲೆ ನವಿಲುಗಳ ಸಾಲು! ಒಂದು ಒತ್ತಿಗೆ ಕುತ್ತಿಗೆಯೆಲ್ಲ ನೀಲಿ, ಇನ್ನೊಂದಕ್ಕೆ ಗರಿಯೆಲ್ಲ ಹಸಿರು. ನನ್ನ ಬಾಯಿ ತೆರೆದದ್ದು ಮುಚ್ಚಲಿಲ್ಲ.

"ಇದು ಯಾವ ಕಮಾಂಡು?"

"ಯಾವ ಕಮಾಂಡೂ ಇಲ್ಲ. ದಿನಾ ರಂಗೋಲಿ ಹಾಕ್ತೀನಲ್ಲ, ಹಂಗ."

ಇಪ್ಪತ್ತು ವರ್ಷ ಆ ರಂಗೋಲಿಯನ್ನು ದಾಟಿಕೊಂಡು ಆಫೀಸಿಗೆ ಹೋದವನು ನಾನು. ಒಂದು ದಿನವೂ ನಿಂತು ನೋಡಿರಲಿಲ್ಲ.

ಸೋಮವಾರ ಯಂತ್ರ ಮರಳಿ ಆಫೀಸಿಗೆ ಬಂತು. ಮಾಲಕರು ಡಿಸೈನ್ ನೋಡಿ ಕುರ್ಚಿಯಿಂದ ಎದ್ದೇ ನಿಂತರು. "ಯಾರು ಮಾಡಿದ್ದು?"

"ನಾನ್ರಿ," ಎಂದಿತು ನನ್ನ ನಾಲಿಗೆ, ನನ್ನನ್ನು ಕೇಳದೆ.

"ಹಂಗಾರ ಈ ನವಿಲಿನ ಮಾರಿ ಆ ಕಡಿ ತಿರಗಸ್ರಿ ನೋಡೂಣು."

ಒತ್ತಿದೆ. ನವಿಲು ಶೀರ್ಷಾಸನ ಹಾಕಿತು. ಮತ್ತೆ ಒತ್ತಿದೆ. ನವಿಲೇ ಇಲ್ಲ!

"...ನಮ್ಮನಿಯಾಕಿ ಮಾಡಿದ್ದ್ರಿ."

ಆಟೋ ಕಳಿಸಿ ಅವಳನ್ನು ಕರೆಸಿದರು. ಬಂದವಳು ನವಿಲನ್ನೂ ಮರಳಿ ಕರೆತಂದಳು, ಕೆಲಸವನ್ನೂ ಗಳಿಸಿದಳು. ಮಾಲಕರು ನನ್ನನ್ನು ಗೋದಾಮಿಗೆ ಹಾಕುವ ಮಾತೆತ್ತಿದಾಗ, "ಇರ್ಲಿ ಬಿಡ್ರಿ ಮಾಲಕರ, ನನ್ನ ಕೈಯಾಗ ಇರ್ತಾರ, ಕಲಸ್ತೀನಿ," ಎಂದಳು.

ಆರು ತಿಂಗಳಾದ ಮೇಲೆ ಒಂದು ದಿನ, ಮೊದಲ ಬಾರಿ ನನ್ನ ಮೌಸ್ ಒಂದು ಚಂದದ ವೃತ್ತ ಎಳೆಯಿತು. ಚಂದ್ರಭಾಗಾ ಬಗ್ಗಿ ನೋಡಿದಳು.

"ಭಾಳ ಛಲೋ ಬಂದದರಿ," ಎಂದಳು. "ಆದ್ರ ನಾ ಹೇಳಿದ್ದು ಚೌಕ."