ಕಾಯಿಲೆಯವರಿಗೆ ಜಾಮೀನು

ಕಾಯಿಲೆ ಕಾರಣಕ್ಕೆ ಜಾಮೀನು ಕೇಳುವ ಅರ್ಜಿ ಒಂದಾದರೂ ಎಡವಟ್ಟಿಲ್ಲದೆ ಮುಗಿದದ್ದನ್ನು ನಾನು ಕಂಡಿಲ್ಲ. ೧೯೮೦ರ ಆಸುಪಾಸಿನಲ್ಲಿ ಹೊನ್ನಾಳಿಯ ವಕೀಲರೊಬ್ಬರ ಹತ್ತಿರ ನಾನು ಜೂನಿಯರ್. ಇದ್ದದ್ದು ಒಂದೇ ಕರೀ ಕೋಟು. ಶಿವಮೊಗ್ಗದ ಬಸ್ಸಿನಲ್ಲಿ ಅದು ಮುದುರದಿರಲೆಂದು ಫೈಲಿನ ಜೊತೆ ಎದೆಗವಚಿಕೊಂಡು ನಿಲ್ಲುತ್ತಿದ್ದೆ. ಈಗ ನೆನೆಸಿಕೊಂಡರೆ ಒಬ್ಬನೇ ಕೂತು ನಗುತ್ತೇನೆ.

ಮುದ್ದೆ

ಕಾಲುವೆ ನೀರಿನ ಜಗಳದಲ್ಲಿ ಒಳಗೆ ಹೋದ ಒಬ್ಬನಿಗೆ ಹೊಟ್ಟೆನೋವು. ತಾಲ್ಲೂಕು ಕೋರ್ಟು ಜಾಮೀನು ಕೊಡಲಿಲ್ಲ; ಶಿವಮೊಗ್ಗದ ಸೆಷನ್ಸ್ ಕೋರ್ಟಿಗೆ ಹೋದೆವು. “ಒಂದು ತುತ್ತೂ ಒಳಗೆ ಇಳಿಯುತ್ತಿಲ್ಲ ಸ್ವಾಮಿ” ಎಂದು ಸೀನಿಯರ್ ಗದ್ಗದರಾದರು.

ಜಡ್ಜ್ ಕಟಕಟೆಯತ್ತ ನೋಡಿದರು. “ಏನಪ್ಪಾ, ಜೈಲಲ್ಲಿ ಏನು ತೊಂದರೆ?”

“ಎರಡೇ ಮುದ್ದೆ ಕೊಡ್ತಾರೆ ಸ್ವಾಮಿ. ಅದು ಎಲ್ಲಿಗೆ ಸಾಕಾಗ್ತೈತೆ?”

ಬೀಡಿ

ಸವಳಂಗದ ಕಡೆಯ ಗಾಡಿಯವನಿಗೆ ನಿಜವಾಗಿಯೂ ಉಬ್ಬಸವಿತ್ತು. ಕನಿಕರ ಹುಟ್ಟಲಿ ಎಂದು ಅವನ ಹೆಂಡತಿಯನ್ನೂ ಕೋರ್ಟಿಗೆ ಕರೆದುಕೊಂಡು ಹೋಗಿದ್ದೆ. “ಗಂಡನ ಆರೋಗ್ಯ ಹೇಗಿದೆಯಮ್ಮಾ?” ಎಂದು ಜಡ್ಜ್ ಕೇಳಿದ್ದೇ ತಡ, ಆಕೆ ಕೈಮುಗಿದಳು.

“ಭಾಳ ಚಲೋ ಐತ್ರೀ! ಒಳಗೆ ಬೀಡಿ ಸಿಗಂಗಿಲ್ಲವಲ್ಲ, ಕೆಮ್ಮೇ ನಿಂತೈತೆ. ಇನ್ನೊಂದು ತಿಂಗಳು ಇಟ್ಕೊಳ್ರಿ, ನಿಮಗೆ ಪುಣ್ಯ ಬರ್ತೈತೆ.”

ಕಟಕಟೆಯಲ್ಲಿದ್ದ ಗಂಡ ಗಾಬರಿಯಿಂದ ಕೆಮ್ಮಲು ಶುರುಮಾಡಿದ.

ಸೂಜಿ

ಚನ್ನಗಿರಿ ಕಡೆಯ ಅಜ್ಜನೊಬ್ಬ, ಒಂದು ಕಾಲದ ಪೈಲ್ವಾನ. ದಾಯಾದಿಗಳ ಹೊಡೆದಾಟದ ಕೇಸಿನಲ್ಲಿ ಜೈಲು ಸೇರಿದವನಿಗೆ ಕ್ಷಯ ಅಂಟಿ ಮೈ ಕಡ್ಡಿಯಾಗಿತ್ತು. ಚನ್ನಗಿರಿಯಲ್ಲಿ ಜಾಮೀನು ಇಲ್ಲ, ಶಿವಮೊಗ್ಗದಲ್ಲೂ ಇಲ್ಲ. ಮಗಳು ಆಫೀಸಿನ ಮೆಟ್ಟಿಲ ಮೇಲೆ ಕೂತು ಅತ್ತಳು. “ಅಪ್ಪ ಅಲ್ಲೇ ಹೋಗಿಬಿಡ್ತಾನೆ ವಕೀಲ್ರೇ, ಏನಾರ ಮಾಡ್ರಿ.”

ಸೀನಿಯರ್ ನನ್ನನ್ನು ಬೆಂಗಳೂರಿಗೆ ಅಟ್ಟಿದರು. ಹೈಕೋರ್ಟಿನ ಕಂಬಗಳ ನಡುವೆ ದಿನಗಟ್ಟಲೆ ಅಲೆದು, ಒಂದೂವರೆ ತಿಂಗಳ ಮೇಲೆ ಆರ್ಡರ್ ಹಿಡಿದು ವಾಪಸ್ ಬಂದೆ. ಮಗಳನ್ನು ಕರೆದುಕೊಂಡು ನೇರ ಶಿವಮೊಗ್ಗದ ಜೈಲಿಗೆ ಓಡಿದೆ.

ಅಜ್ಜ ಬಂದ. ಕೆನ್ನೆ ತುಂಬಿಕೊಂಡಿತ್ತು, ಮೀಸೆ ತಿರುವಿದ್ದ. ಮಗಳು ಅಳುವುದನ್ನೂ ಮರೆತು ನೋಡಿದಳು.

“ಅಜ್ಜಾ, ಜಾಮೀನು ಸಿಕ್ಕೈತೆ, ಮನೆಗೆ ನಡಿ” ಎಂದು ಆರ್ಡರ್ ಅವನ ಕೈಗಿತ್ತೆ.

“ಈಗ ಹೆಂಗೆ ಬರಾಕಾಗ್ತೈತೆ ತಮ್ಮಾ? ದಿನಾ ಡಾಕ್ಟ್ರು ಕರೆದು ಸೂಜಿ ಹಾಕ್ತಾರೆ, ಹಾಲು ಮೊಟ್ಟೆ ಕೊಡ್ತಾರೆ. ಇನ್ನ ಹತ್ತು ಸೂಜಿ ಉಳಿದಾವೆ.” ಆರ್ಡರ್ ಕಾಗದವನ್ನು ಮಡಚಿ ನನ್ನ ಕೋಟಿನ ಜೇಬಿಗೇ ತುರುಕಿದ. “ಎಲ್ಲಾ ಕೇಸಿಗೂ ವಾಯಿದೆ ತಗೊಳ್ತೀರಲ್ಲ, ಇದಕ್ಕೂ ಒಂದು ಹತ್ತು ದಿನ ತಗೊಂಡು ಬಾ!”