ಅತ್ತೆಯ ಕಂಬಿಗೆ ನಾಲ್ಕು ಸ್ಕ್ರೂ

ಎದುರು ಮನೆಯ ವೆರ್ಲಿನ್‌ನನ್ನು ಈ ಸಲ ಏನೇ ಆದರೂ ಕರೆಯುವುದಿಲ್ಲ ಎಂದು ಡೆಲ್ಬರ್ಟ್ ಭೀಷ್ಮಪ್ರತಿಜ್ಞೆ ಮಾಡಿದ್ದು ಒಂದು ಬುಧವಾರ ಬೆಳಿಗ್ಗೆ, ಅಡುಗೆಮನೆಯಲ್ಲಿ, ಫ್ರಿಜ್ಜಿನ ಎದುರು ನಿಂತು. ಫ್ರಿಜ್ಜಿನ ಮೇಲೆ ಹೆಂಡತಿ ಮರ್ನಾ ಅಂಟಿಸಿದ್ದ ಪಟ್ಟಿ ಇತ್ತು. ಮೂವತ್ತೊಂದು ವರ್ಷ ಮಿನಿಸೋಟದ ಹಿಮದಲ್ಲಿ ಶಾಲೆಯ ಬಸ್ಸು ಓಡಿಸಿ ನಿವೃತ್ತನಾದ ಮನುಷ್ಯ, ಇನ್ನು ಮುಂದೆ ಒರಗುಕುರ್ಚಿ ಮತ್ತು ತಾನು ಎಂದುಕೊಂಡಿದ್ದ. ಆದರೆ ಆ ಪಟ್ಟಿಗೆ ನಿವೃತ್ತಿ ಎಂಬುದೇ ಇರಲಿಲ್ಲ. ಮೇಲೆ ಒಂದನ್ನು ಹೊಡೆದುಹಾಕಿದರೆ ಕೆಳಗೆ ಎರಡು ಹುಟ್ಟಿಕೊಳ್ಳುತ್ತಿದ್ದವು. ಪ್ರತಿ ಕೆಲಸದ ಮುಂದೆಯೂ ಒಂದೇ ಹೆಸರು: ಡೆಲ್ಬರ್ಟ್, ಡೆಲ್ಬರ್ಟ್, ಡೆಲ್ಬರ್ಟ್!

ಅಂದಿನ ಮೊದಲ ಸಾಲು, "ಬಾತ್‌ರೂಮಿಗೆ ಆಸರೆ ಕಂಬಿ, ಭಾನುವಾರದೊಳಗೆ." ಅಡಿಯಲ್ಲಿ ಮೂರು ಗೆರೆ.

ಮರ್ನಾಳ ತಾಯಿ ಆರ್ಡಿಸ್‌ಗೆ ಎಂಬತ್ತೇಳು ವರ್ಷ. ಚಳಿಗಾಲದಲ್ಲಿ ತನ್ನ ಮನೆಯ ಕಡಿದಾದ ಮೆಟ್ಟಿಲಿನಿಂದ ಬಿದ್ದು ಸೊಂಟ ಮುರಿದುಕೊಂಡಿದ್ದಳು. ಆ ಮೆಟ್ಟಿಲಿನ ಮನೆಗೇ ಹಿಂತಿರುಗುತ್ತೇನೆಂದು ಹಟ ಹಿಡಿದವಳನ್ನು ಕಾಡಿಬೇಡಿ ಮರ್ನಾ ಒಪ್ಪಿಸಿದ್ದಳು: ಒಂದು ವಾರ ನಮ್ಮಲ್ಲಿ ಇದ್ದು ನೋಡು, ಹಿಡಿಸಿದರೆ ಉಳಿದುಕೋ, ಇಲ್ಲದಿದ್ದರೆ ನಿನ್ನ ಮನೆ ನಿನಗೆ ಇದ್ದೇ ಇದೆ. ಅಮ್ಮ ಬಿದ್ದಂದಿನಿಂದ ಮರ್ನಾ ಸರಿಯಾಗಿ ನಿದ್ದೆ ಮಾಡಿರಲಿಲ್ಲ. ಫೋನು ಬಡಿದರೆ ಸಾಕು, ಕೈಯಲ್ಲಿದ್ದದ್ದು ಕೆಳಗೆ ಬೀಳುತ್ತಿತ್ತು. ಡೆಲ್ಬರ್ಟ್ ಸೋಮಾರಿ ಇರಬಹುದು, ಕಲ್ಲಲ್ಲ. ಅವನಿಗೂ ಅದನ್ನು ನೋಡಿ ಸಂಕಟವಾಗುತ್ತಿತ್ತು.

"ವೆರ್ಲಿನ್‌ಗೆ ಒಂದು ಮಾತು ಹೇಳ್ಲಾ?" ಎಂದಳು ಮರ್ನಾ ಮೆತ್ತಗೆ.

"ನಾಲ್ಕು ಸ್ಕ್ರೂ ತಿರುಗಿಸೋಕೆ ಬಡಗಿ ಯಾಕೆ? ನನಗೇನು ಕೈ ಇಲ್ವಾ?"

ಆರು ವರ್ಷದ ಹಿಂದೆ ಡೆಲ್ಬರ್ಟ್ ರಿಪೇರಿ ಮಾಡಿದ್ದ ನಲ್ಲಿಯನ್ನು ಮತ್ತೆ ರಿಪೇರಿ ಮಾಡಲು ವೆರ್ಲಿನ್ ಬಂದಿದ್ದ. ಬೈಯಲಿಲ್ಲ, ನಗಲೂ ಇಲ್ಲ. ನಲ್ಲಿಯನ್ನು ಬಹಳ ಹೊತ್ತು ನೋಡಿ, "ಹೀಗೂ ಮಾಡಬಹುದು ಅಂತ ನನಗೆ ಗೊತ್ತೇ ಇರಲಿಲ್ಲ" ಎಂದಿದ್ದ. ಆ ಸೀಮೆಯಲ್ಲಿ ಒಬ್ಬ ಮನುಷ್ಯನನ್ನು ಇದಕ್ಕಿಂತ ಕೆಟ್ಟದಾಗಿ ಬೈಯಲು ಸಾಧ್ಯವಿಲ್ಲ. ಆ ಮಾತು ಇನ್ನೂ ಡೆಲ್ಬರ್ಟನ ಎದೆಯಲ್ಲಿ ಮುಳ್ಳಾಗಿ ಕೂತಿತ್ತು.

ಅಲ್ಲಿಯ ಮನೆಗಳ ಗೋಡೆ ಒಳಗೆ ಪೊಳ್ಳು. ಅಲ್ಲೊಂದು ಇಲ್ಲೊಂದು ಮರದ ಕಂಬ ನಿಲ್ಲಿಸಿ, ಮೇಲೆ ತೆಳು ಜಿಪ್ಸಮ್ ಹಲಗೆ ಹೊದಿಸಿ ಬಣ್ಣ ಬಳಿದಿರುತ್ತಾರೆ. ಸ್ಕ್ರೂ ಕಂಬಕ್ಕೆ ಬಿದ್ದರೆ ಆನೆ ಕಟ್ಟಬಹುದು. ಪೊಳ್ಳಿಗೆ ಬಿದ್ದರೆ ಅತ್ತೆ, ಕಂಬಿ, ಗೋಡೆ ಮೂವರೂ ಒಟ್ಟಿಗೆ ನೆಲಕ್ಕೆ ಬರುತ್ತಾರೆ. ಕಂಬ ಎಲ್ಲಿದೆ ಎಂದು ಹೊರಗಿನಿಂದ ತಿಳಿಯುವುದಿಲ್ಲವಾದ್ದರಿಂದ ಡೆಲ್ಬರ್ಟ್ ಅಂಗಡಿಗೆ ಹೋಗಿ ಕಂಬ ಹುಡುಕುವ ಯಂತ್ರವೊಂದನ್ನು ತಂದ. ಅಂಗೈಯಗಲದ ಹಳದಿ ಡಬ್ಬಿ, ಒಂದು ಗುಂಡಿ, ಒಂದು ಕೆಂಪು ದೀಪ.

ಜೊತೆಗೊಂದು ಸೂಚನಾಪತ್ರ. ಮೊದಲು ಕಂಬವಿಲ್ಲದ ಜಾಗದಲ್ಲಿ ಯಂತ್ರವನ್ನು ಗೋಡೆಗೆ ಒತ್ತಿ ಗುಂಡಿ ಅದುಮಬೇಕಂತೆ. ಎರಡು ಸಲ ಕೀಂ ಎಂದರೆ ಯಂತ್ರ ಹದಕ್ಕೆ ಬಂದಂತೆ. ಆಮೇಲೆ ನಿಧಾನವಾಗಿ ಪಕ್ಕಕ್ಕೆ ಸರಿಸಬೇಕು, ಕಂಬ ಬಂದಲ್ಲಿ ಅದೇ ಕೂಗುತ್ತದೆ. ಡೆಲ್ಬರ್ಟ್ ಇದನ್ನು ಮೂರು ಸಲ ಓದಿದ.

"ಕಂಬ ಎಲ್ಲಿಲ್ಲ ಅಂತ ಮೊದಲೇ ಗೊತ್ತಿದ್ರೆ ಈ ಪುಣ್ಯಾತ್ಮನ್ನ ಯಾಕೆ ಮನೆಗೆ ತರ್ತಿದ್ದೆ?"

"ನಂಗೇನು ಗೊತ್ತು, ತಂದಿದ್ದು ನೀನು" ಎಂದಳು ಮರ್ನಾ.

ಅಭ್ಯಾಸಕ್ಕೆಂದು ಅಡುಗೆಮನೆಯ ಗೋಡೆಯಿಂದ ಶುರು ಮಾಡಿದ. ಅವನ ಗ್ರಹಚಾರ, ಒತ್ತಿದ್ದು ಸರಿಯಾಗಿ ಕಂಬದ ಮೇಲೆಯೇ! ಯಂತ್ರ ಮರವನ್ನೇ ಪೊಳ್ಳು ಎಂದು ನಂಬಿ ಮೌನವ್ರತ ಹಿಡಿಯಿತು. ಈ ಮೂಲೆಯಿಂದ ಆ ಮೂಲೆಗೆ ಸರಿಸಿದರೂ ಉಸಿರಿಲ್ಲ. ಅದರ ಪ್ರಕಾರ ಅಡುಗೆಮನೆ ನಲವತ್ತು ವರ್ಷದಿಂದ ಬರೀ ಬಣ್ಣದ ಬಲದ ಮೇಲೆ ನಿಂತಿತ್ತು. ಬೇಸತ್ತು ಹಜಾರಕ್ಕೆ ಬಂದ. ಅಲ್ಲಿ ಉಲ್ಟಾ, ಬೆರಳಿನಷ್ಟು ಸರಿಸಿದರೆ ಕೀಂ, ಇನ್ನೊಂದು ಬೆರಳಿಗೆ ಮತ್ತೆ ಕೀಂ. ಕೂಗಿದಲ್ಲೆಲ್ಲ ನೀಲಿ ಟೇಪಿನ ತುಂಡು ಅಂಟಿಸುತ್ತಾ ಹೋದ. ಮಧ್ಯಾಹ್ನದ ಹೊತ್ತಿಗೆ ಹಜಾರದ ಗೋಡೆಗೆ ಸಿಡುಬು ಎದ್ದಂತಾಗಿತ್ತು. ಆಗ ಸೂಚನಾಪತ್ರದ ಕೊನೆಯಲ್ಲಿ ಇರುವೆ ಗಾತ್ರದ ಅಕ್ಷರದಲ್ಲಿ ಇನ್ನೊಂದು ಸಾಲು ಕಂಡಿತು: ಇನ್ನೊಂದು ಕೈಯನ್ನು ಗೋಡೆಯ ಮೇಲೆ ಇಡಬೇಡಿ. ಡೆಲ್ಬರ್ಟ್ ಸುಸ್ತಾಗಿ ಎಡಗೈಯನ್ನು ಗೋಡೆಗೆ ಊರಿಕೊಂಡೇ ಕೆಲಸ ಮಾಡುತ್ತಿದ್ದ. ಅಲ್ಲಿಯವರೆಗೆ ಯಂತ್ರ ಪತ್ತೆ ಹಚ್ಚುತ್ತಿದ್ದದ್ದು ಡೆಲ್ಬರ್ಟನನ್ನೇ.

ಎರಡು ದಿನ ಹೀಗೆ ಹೋಯಿತು. ಶುಕ್ರವಾರ ಬೆನ್ನುನೋವು ಬೇರೆ. ಶನಿವಾರ ಎಡಗೈಯನ್ನು ಜೇಬಿನಲ್ಲಿ ಇಟ್ಟುಕೊಂಡು ಬಾತ್‌ರೂಮು ಹೊಕ್ಕ. ಕಮೋಡಿನ ಪಕ್ಕದ ಗೋಡೆಯ ಮೂಲೆಯಲ್ಲಿ ಯಂತ್ರ ಒತ್ತಿದ. ಕೀಂ ಕೀಂ, ಹದ ಬಂತು. ಸರಿಸಿದ. ಒಂದೂವರೆ ಅಡಿ ದಾಟುತ್ತಿದ್ದಂತೆ ಕೂಗು ಹಿಡಿದದ್ದು ನಿಲ್ಲಲೇ ಇಲ್ಲ. ಅಲ್ಲಿಂದ ಮುಂದೆ ಅರ್ಧ ಅಡಿ, ಒಂದು ಅಡಿ, ಎರಡು ಅಡಿ, ಉದ್ದಕ್ಕೂ ಮರವೇ ಮರ! ಕಂಬದ ಅಗಲ ಹೆಚ್ಚೆಂದರೆ ಒಂದೂವರೆ ಅಂಗುಲ ಎಂದು ಸೂಚನಾಪತ್ರ ಹೇಳಿತ್ತು. ದಣಿದ ಮನುಷ್ಯನಿಗೆ ಸಂಶಯಕ್ಕಿಂತ ಸಂತೋಷ ಸುಲಭ. ಹಳೆಯ ಕಾಲದ ಬಡಗಿ, ಕೈ ಧಾರಾಳ, ಇಡೀ ಗೋಡೆಗೇ ಮರ ತುಂಬಿಸಿದ್ದಾನೆ ಎಂದುಕೊಂಡು ಅವನನ್ನು ಮನಸಾರೆ ಹರಸಿದ. ಮೂರಂಗುಲದ ನಾಲ್ಕು ಸ್ಕ್ರೂ ಹಾಕಿ ಕಂಬಿಯನ್ನು ನೆಟ್ಟಗೆ ನಿಲ್ಲಿಸಿ ಬಿಗಿದ. ತನ್ನ ಇನ್ನೂರ ಮೂವತ್ತು ಪೌಂಡ್ ದೇಹವನ್ನು ಅದಕ್ಕೆ ಜೋತುಹಾಕಿ ನೋಡಿದ. ಕಂಬಿ ಕಮಕ್ ಕಿಮಕ್ ಎನ್ನಲಿಲ್ಲ.

"ನೋಡು" ಎಂದು ಮರ್ನಾಳನ್ನು ಕರೆದು ಇನ್ನೊಮ್ಮೆ ಜೋತುಬಿದ್ದ. "ಈ ಮನೆ ಬಿದ್ರೂ ಈ ಕಂಬಿ ನಿಂತಿರುತ್ತೆ."

ಭಾನುವಾರ ಆರ್ಡಿಸ್ ಒಂದು ಪೆಟ್ಟಿಗೆ, ಒಂದು ಊರುಗೋಲು, ಬಿಳಿ ಕೈಗವಸು ಸಮೇತ ಬಂದಿಳಿದಳು. ಕಂಬಿಯನ್ನು ಹಿಡಿದು ಜಗ್ಗಿ, "ಪರವಾಗಿಲ್ಲ" ಎಂದಳು. ಆ ಜನರ ಬಾಯಲ್ಲಿ ಅದು ಚಿನ್ನದ ಪದಕ. ಡೆಲ್ಬರ್ಟ್ ಉಬ್ಬಿಹೋದ.

ಆ ಸೀಮೆಯ ಮರ್ಯಾದೆಯೇ ಬೇರೆ. ಕಾಫಿ ಬೇಕೇ ಎಂದು ಮೊದಲ ಸಲ ಕೇಳಿದರೆ ಬೇಡ ಎನ್ನಬೇಕು. ಎರಡನೇ ಸಲ, ಯಾಕೆ ತೊಂದರೆ ಎನ್ನಬೇಕು. ಮೂರನೇ ಸಲ ಕೇಳಿದರೆ ಮಾತ್ರ ಅರ್ಧ ಲೋಟಕ್ಕೆ ಒಪ್ಪಿ ಎರಡು ಲೋಟ ಕುಡಿಯಬಹುದು. ದೂರಿಗೂ ಇದೇ ನಿಯಮ. ಡೆಲ್ಬರ್ಟ್ ಅಂದು ಸಂಜೆ ಎಲ್ಲ ಅನುಕೂಲವಾಗಿದೆಯೇ ಎಂದು ವಿಚಾರಿಸಿದ. ಆರ್ಡಿಸ್ ಎಲ್ಲ ಚೆನ್ನಾಗಿದೆ ಎಂದಳು. ಖಂಡಿತವೇ ಎಂದ. ನೀನು ತಲೆ ಕೆಡಿಸಿಕೊಳ್ಳಬೇಡ ಎಂದಳು. ಮೂರನೇ ಸಲ ಕೇಳುವಷ್ಟರಲ್ಲಿ ಅವನಿಗೆ ಆಕಳಿಕೆ ಬಂತು, ಕೇಳಲಿಲ್ಲ.

ಮಾರನೇ ದಿನದಿಂದ ಅತ್ತೆಗೆ ತಿರುಗಾಟದ ಹುಚ್ಚು ಹಿಡಿಯಿತು. ಬೆಳಿಗ್ಗೆ ಎರಡನೇ ಕಾಫಿ ಮುಗಿಯುತ್ತಿದ್ದಂತೆ ಲೈಬ್ರರಿ ನೋಡಬೇಕು ಎಂದಳು. ಐದು ನಿಮಿಷದಲ್ಲಿ ಒಂದು ಪುಸ್ತಕವೂ ಇಲ್ಲದೆ ಹೊರಬಂದಳು. ಊಟವಾದ ಮೇಲೆ ಚರ್ಚಿನ ಕಿಟಕಿಯ ಬಣ್ಣದ ಗಾಜು ನೋಡುವ ಆಸೆ. ಸಂಜೆ ಸೂಪರ್‌ಮಾರ್ಕೆಟ್ಟು, ಅಲ್ಲಿ ಹತ್ತು ನಿಮಿಷವಿದ್ದು ಕೊಂಡದ್ದು ಒಂದೇ ಒಂದು ನಿಂಬೆಹಣ್ಣು. ಮಂಗಳವಾರ ಪೆಟ್ರೋಲ್ ಬಂಕಿಗೆ ಎರಡು ಸಲ, ಅಲ್ಲಿ ತುಂಬಾ ಒಳ್ಳೆಯ ಜನ ಇದ್ದಾರಂತೆ. ಡೆಲ್ಬರ್ಟ್ ಕರಗುವ ಹಿಮದ ಕೆಸರಿನಲ್ಲಿ ಕಾರು ಓಡಿಸಿ ಓಡಿಸಿ ಹೈರಾಣಾದ. ಶಾಲೆಯ ಮಕ್ಕಳಿಗಾದರೂ ರಜೆ ಇರುತ್ತಿತ್ತು, ಅತ್ತೆಗೆ ಅದೂ ಇಲ್ಲ! ಬುಧವಾರ ರಾತ್ರಿಯ ಊಟದಲ್ಲಿ ಮರ್ನಾ ಓವನ್ನಿನಿಂದ ತೆಗೆದ, ಹಾಟ್‌ಡಿಷ್ ಎಂಬ ಬಿಸಿ ಮಾಂಸದ ಖಾದ್ಯ ಮುಂದಿಟ್ಟರೆ, ಅದರ ಮೇಲಿನ ಆಲೂಗಡ್ಡೆ ಮುಟ್ಟುವ ಮೊದಲೇ ಡೆಲ್ಬರ್ಟನ ಗಲ್ಲ ಎದೆಗೆ ತಾಗಿತ್ತು. ಆದರೂ ಅವನಿಗೆ ಒಳಗೊಳಗೇ ಹೆಮ್ಮೆ. ನಮ್ಮ ಮನೆಗೆ ಬಂದ ಮೇಲೆ ಅತ್ತೆಗೆ ಹುರುಪು ಬಂದಿದೆ, ಇನ್ನು ಇಲ್ಲೇ ಉಳಿಯುತ್ತಾಳೆ ಎಂದು ಮರ್ನಾಳಿಗೂ ಹೇಳಿದ್ದ. ಅವಳು ಎಷ್ಟೋ ದಿನದ ಮೇಲೆ ಕಣ್ತುಂಬ ನಿದ್ದೆ ಮಾಡಿದಳು.

ಗುರುವಾರ ಬೆಳಿಗ್ಗೆ ಎದ್ದು ನೋಡಿದರೆ ಆರ್ಡಿಸ್‌ಳ ಪೆಟ್ಟಿಗೆ ಮುಂಬಾಗಿಲ ಬಳಿ ನಿಂತಿತ್ತು.

ನೀವಿಬ್ಬರೂ ಬಹಳ ಚೆನ್ನಾಗಿ ನೋಡಿಕೊಂಡಿರಿ, ಕಂಬಿಯಂತೂ ತುಂಬಾ ಗಟ್ಟಿ, ನನ್ನನ್ನು ನನ್ನ ಮನೆಗೆ ಬಿಟ್ಟುಬಿಡಿ ಎಂದಳು ಆರ್ಡಿಸ್. ಮರ್ನಾ ಸಿಂಕಿನ ಮುಂದೆ ನಿಂತು ಒಂದೇ ಲೋಟವನ್ನು ಮೂರು ಸಲ ತೊಳೆದಳು. ಡೆಲ್ಬರ್ಟ್ ಆ ಬೆನ್ನನ್ನೇ ನೋಡಿದ. ಆ ಕಡಿದಾದ ಮೆಟ್ಟಿಲು ಅವನ ಕಣ್ಣಿಗೂ ಕಟ್ಟಿತು. ಪೆಟ್ಟಿಗೆಯನ್ನು ಕಾರಿನ ಡಿಕ್ಕಿಗೆ ಹಾಕಿದ, ಅತ್ತೆಯನ್ನು ಕೂರಿಸಿದ, ಕೀಲಿ ತಿರುಗಿಸಿದ.

"ಅತ್ತೆ, ಏನು ಕೊರತೆ ಆಯ್ತು ನಮ್ಮಲ್ಲಿ?"

"ಏನೂ ಇಲ್ಲಪ್ಪ. ಎಲ್ಲ ಚೆನ್ನಾಗಿತ್ತು."

"ನಿಜ ಹೇಳಿ."

"ಹೋಗ್ಲಿ ಬಿಡು, ನೀನು ತಲೆ ಕೆಡಿಸ್ಕೋಬೇಡ."

ಡೆಲ್ಬರ್ಟ್ ಎಂಜಿನ್ ಆರಿಸಿದ. ಬಸ್ಸು ಓಡಿಸುತ್ತಿದ್ದ ಕಾಲದಲ್ಲಿ ಅಳುವ ಮಗುವಿನ ಕಡೆ ತಿರುಗುತ್ತಿದ್ದಂತೆ ಪೂರ್ತಿ ತಿರುಗಿ ಕೂತ. "ಅತ್ತೆ, ಮೂರನೇ ಸಲ ಕೇಳ್ತಿದ್ದೀನಿ."

ಆರ್ಡಿಸ್ ಕೈಗವಸಿನ ಬೆರಳುಗಳನ್ನು ಒಂದೊಂದಾಗಿ ನೇರ ಮಾಡಿದಳು. "ಡೆಲ್ಬರ್ಟ್, ನಿಮ್ಮ ಬಾತ್‌ರೂಮಿಗೆ ಬಾಗಿಲಿಲ್ಲ. ನೀವು ಗಂಡ ಹೆಂಡ್ತಿ, ನಿಮಗೆ ನಡಿಯುತ್ತೆ. ಬೆಳಿಗ್ಗೆ ನೀವು ಏಳೋಕೆ ಮುಂಚೆ ನಾನು ಹೇಗೋ ಮುಗಿಸ್ಕೊಳ್ತಿದ್ದೆ. ಉಳಿದ ಹೊತ್ತು ಬಾಗಿಲಿರೋ ಬಾತ್‌ರೂಮು ಕೊಟ್ಟ ಆ ಲೈಬ್ರರಿಯವರ, ಬಂಕಿನವರ ಪುಣ್ಯ. ಹೀಗೆ ಎಷ್ಟು ದಿನ ನಿನ್ನ ಕಾರು ಸವೆಸ್ಲಿ?"

"ಬಾಗಿಲು ಇದೆಯಲ್ಲ ಅತ್ತೆ" ಎಂದವನು ಅಲ್ಲಿಗೇ ನಿಂತ. ಬಾಗಿಲು ಇತ್ತು. ಖಂಡಿತ ಇತ್ತು. ಪಕ್ಕಕ್ಕೆ ಸರಿಸಿದರೆ ಗೋಡೆಯೊಳಗೇ ಅಡಗಿಕೊಳ್ಳುವಂಥ ಬಾಗಿಲು. ಮನೆಯಲ್ಲಿ ಇರುವವರು ಇಬ್ಬರೇ ಆದದ್ದರಿಂದ ಹನ್ನೊಂದು ವರ್ಷದಿಂದ ಅದನ್ನು ಯಾರೂ ಹೊರಗೆಳೆದಿರಲಿಲ್ಲ. ಯಾವ ಗೋಡೆಯೊಳಗೆ ಅಡಗಿತ್ತು ಎಂದು ಯೋಚಿಸಿದ. ಉದ್ದಕ್ಕೂ ಮರವೇ ಮರ ಸಿಕ್ಕಿದ್ದ ಗೋಡೆ! ಧಾರಾಳಿ ಬಡಗಿಯನ್ನು ಹರಸಿದ್ದು ನೆನಪಾಗಿ ಕಿವಿ ಬಿಸಿಯಾಯಿತು.

ಮೂವರೂ ಬಾತ್‌ರೂಮಿಗೆ ಹೋದರು. ಗೋಡೆಯ ಸಂದಿಯಲ್ಲಿ ಬೆರಳು ತೂರಿಸಿ ಡೆಲ್ಬರ್ಟ್ ಬಾಗಿಲ ಅಂಚನ್ನು ಎಳೆದ. ಬಾಗಿಲು ಬರಲಿಲ್ಲ, ಕಂಬಿ ಕಿರ್ ಎಂದಿತು. ಮರ್ನಾ ಕಂಬಿಯನ್ನು ನೋಡಿದಳು, ಸಂದಿಯನ್ನು ನೋಡಿದಳು, ಗಂಡನನ್ನು ನೋಡಿದಳು.

"ಹಂಗಾದ್ರೆ ಅವತ್ತು ನೀನು ಜೋತಾಡಿದ್ದು ಬಾಗಿಲಿಗಾ?"

ಕೇಳುತ್ತಾ ಕೇಳುತ್ತಾ ಅವಳಿಗೆ ನಗು ಬಂತು. ಸ್ನಾನದ ತೊಟ್ಟಿಯ ಅಂಚಿನ ಮೇಲೆ ಕುಸಿದು ಕೂತು, ಕಣ್ಣಲ್ಲಿ ನೀರು ಬರುವವರೆಗೆ ನಕ್ಕಳು. ಚಳಿಗಾಲದಿಂದ ಈಚೆಗೆ ಆ ಮನೆಯಲ್ಲಿ ಅಂಥ ನಗು ಕೇಳಿರಲಿಲ್ಲ. ಡೆಲ್ಬರ್ಟ್ ತಲೆ ತಗ್ಗಿಸಿ ನಾಲ್ಕೂ ಸ್ಕ್ರೂ ಬಿಚ್ಚಿದ. ಹನ್ನೊಂದು ವರ್ಷದ ದೂಳಿನ ಸಮೇತ ಬಾಗಿಲು ಗರಗರನೆ ಹೊರಬಂತು. ಅದರಲ್ಲಿ ಮೇಲೆ ಎರಡು, ಕೆಳಗೆ ಎರಡು, ಈ ಬದಿಯಿಂದ ಆ ಬದಿಗೆ ಹಾಯುವ ತೂತು.

ಆರ್ಡಿಸ್ ಊರುಗೋಲು ಊರಿಕೊಂಡು ಒಳಗೆ ಹೋಗಿ ಬಾಗಿಲು ಎಳೆದುಕೊಂಡಳು. ಚಿಲಕ ಬಿತ್ತು. ಅವಳು ಬೀಳದಿರಲಿ ಎಂದು ಡೆಲ್ಬರ್ಟ್ ಹೊರಗೇ ಕಾವಲು ನಿಂತ.

"ಡೆಲ್ಬರ್ಟ್" ಎಂದಿತು ಒಳಗಿನ ದನಿ.

"ಏನತ್ತೆ?"

"ಕೂತ್ರೆ ಮೇಲಿನ ತೂತು ಸರಿಯಾಗಿ ನನ್ನ ಕಣ್ಣಿಗೇ ಬರುತ್ತೆ. ನಿನ್ನ ಹಸಿರು ಅಂಗಿ ಕಾಣಿಸ್ತಿದೆ. ಅಲ್ಲಿ ನಿಲ್ಲೋ ಬದಲು ಹೋಗಿ ಕಾರಲ್ಲಿರೋ ನನ್ನ ಪೆಟ್ಟಿಗೆ ಒಳಗೆ ತಗೊಂಡ್ ಬಾ."

ಡೆಲ್ಬರ್ಟ್ ಓಡಿದ. ಆ ವಯಸ್ಸಿಗೆ, ಆ ಬೆನ್ನಿಗೆ, ಅದನ್ನು ಓಟ ಎಂದೇ ಕರೆಯಬೇಕು.

ಮಧ್ಯಾಹ್ನ ನೀರು ಕುಡಿಯಲು ಅಡುಗೆಮನೆಗೆ ಹೋದಾಗ ಫ್ರಿಜ್ಜಿನ ಪಟ್ಟಿಯ ಕೆಳಗೆ ಹೊಸ ಸಾಲುಗಳು ಕಂಡವು. ಅಕ್ಷರ ಮರ್ನಾಳದ್ದಲ್ಲ, ನಡುಗುವ ಓರೆ ಅಕ್ಷರ. "ನಾಲ್ಕು ತೂತು ಮುಚ್ಚುವುದು. ಕಂಬಿಯನ್ನು ಗೋಡೆಗೆ ಹಾಕುವುದು." ಎರಡರ ಮುಂದೆಯೂ, ಪಟ್ಟಿ ಹುಟ್ಟಿದ ಮೇಲೆ ಮೊದಲ ಬಾರಿಗೆ, ಬೇರೊಬ್ಬನ ಹೆಸರು: ವೆರ್ಲಿನ್.

ಅವಮಾನವಾಗುತ್ತದೇನೋ ಎಂದು ಡೆಲ್ಬರ್ಟ್ ಸ್ವಲ್ಪ ಹೊತ್ತು ಅಲ್ಲೇ ನಿಂತು ಕಾದ. ಆಗಲಿಲ್ಲ. ಒರಗುಕುರ್ಚಿಗೆ ಹೋಗಿ ಕಾಲು ಚಾಚಿದ. ವೆರ್ಲಿನ್ ಬಂದು, ಬಾಗಿಲನ್ನು ಬಹಳ ಹೊತ್ತು ನೋಡಿ, ಅಂದು ನಲ್ಲಿಗೆ ಹೇಳಿದ್ದ ಆ ಮಾತನ್ನೇ ಹೇಳಿದಾಗ ಅವನು ಗೊರಕೆ ಹೊಡೆಯುತ್ತಿದ್ದ.