ಲಂಡನ್ ಮಾತುಗಾರನೂ ದುಮ್ಮವಾಡದ ಬೀಗರೂ

೧೯೭೬ರ ಬೇಸಿಗೆಯಲ್ಲಿ, ಗುಡಗೇರಿಯ ನಮ್ಮ ಪಡಸಾಲೆಯಲ್ಲಿ, ನನ್ನ ತಮ್ಮ ಬಸವರಾಜನಿಗೆ ಗೊತ್ತಾಗುತ್ತಿದ್ದ ಲಗ್ನ ಮುರಿದುಬಿತ್ತು. ಕಾರಣ, ಲಂಡನ್ನಿನ ಒಬ್ಬ ಟೀವಿ ಮಾತುಗಾರ.

ಆತನ ಹೆಸರನ್ನು ಮನೆಯಲ್ಲಿ ಎತ್ತಬಾರದೆಂದು ಅವ್ವನ ಆಜ್ಞೆಯಿದೆ. ಆದ್ದರಿಂದ ಇಲ್ಲೂ ಬರೆಯುವುದಿಲ್ಲ.

ನಾನಾಗ ಹುಬ್ಬಳ್ಳಿಯ ಪತ್ರಿಕೆಯೊಂದರ ಗುಡಗೇರಿ ಬಾತ್ಮೀದಾರ. ಟೀವಿಯನ್ನು ಕಣ್ಣಿಂದ ಕಂಡವನಲ್ಲ. ಆದರೆ ರದ್ದಿ ಅಂಗಡಿಯ ವಿಲಾಯಿತಿ ಮಾಸಿಕಗಳಲ್ಲಿ ಆತನ ಬರಹ ಓದಿದ್ದೆ. ರೇಡಿಯೋದ ಗೊರಗೊರ ಸದ್ದಿನ ನಡುವೆ ಆತನ ದನಿ ಕೇಳಿದ್ದೆ. ವಕೀಲಿ ಪರೀಕ್ಷೆಯಲ್ಲಿ ನಪಾಸಾದವ, ಪತ್ರಿಕೆಯಲ್ಲಿ ಸತ್ತವರ ಗುಣಗಾನ ಬರೆಯುತ್ತ ಶುರುಮಾಡಿದ. ಆಮೇಲೆ ಪುಸ್ತಕ, ರೇಡಿಯೋ, ಕೊನೆಗೆ ಟೀವಿ. ಮಂತ್ರಿಗಳೂ ಆತನ ಎದುರು ಕುರ್ಚಿಯ ತುದಿಯಲ್ಲಿ ಕೂಡುತ್ತಿದ್ದರಂತೆ! ಆತನ ಅಸ್ತ್ರ ಒಂದೇ: ಮುಖದಲ್ಲಿ ನಗೆಯಿಲ್ಲದೆ ತನ್ನನ್ನೇ ಹಳಿದುಕೊಳ್ಳುವುದು. ತಾನು ಏನೂ ಅಲ್ಲವೆಂದಷ್ಟೂ ಜನ ಆತನನ್ನು ಮೇಲಕ್ಕೇರಿಸಿದರು. ಎಂಥ ಮನುಷ್ಯ! ಇದು ಗುಡಗೇರಿಯಲ್ಲೂ ನಡೆದೀತೆಂದು ನನಗೆ ಖಾತ್ರಿಯಿತ್ತು.

ದುಮ್ಮವಾಡದಿಂದ ಚನ್ನಬಸನಗೌಡರು ಮಗಳ ಸಂಬಂಧ ಮಾತಾಡಲು ಬಂದರು. ಬಸವರಾಜ ಆ ಹುಡುಗಿಯನ್ನು ನೋಡಿ ಬಂದಾಗಿನಿಂದ ಎರಡು ಹೊತ್ತು ದಾಡಿ ಮಾಡಿಕೊಳ್ಳುತ್ತಿದ್ದ. ಅಪ್ಪ ಇಲ್ಲದ ಮನೆ; ಮಾತಿಗೆ ಹಿರಿಯ ನಾನೇ. ತಾಟಿನಲ್ಲಿ ಸಿಹಿ ರವೆಯ ಶಿರಾ ಬಂತು. ಬೀಗರು ಶಿರಾ ತಿಂದರೆ ಒಪ್ಪಿಗೆ, ತಿನ್ನದೆ ಎದ್ದರೆ ಇಲ್ಲ. ನಮ್ಮ ಕಡೆಯ ರೂಢಿ.

ಗೌಡರು ಶಿರಾ ಕೈಗೆ ತೆಗೆದುಕೊಂಡು ಕೇಳಿದರು: "ಹುಡುಗ ಹ್ಯಾಂಗರಿ?"

ನಾನು ಮುಖ ಬಿಗಿದೆ. "ಸಾಲಿ ಮಾಸ್ತರ ಅದಾನ್ರಿ. ಅವ ರಜಾ ಹಾಕಿದ ದಿನ ಹುಡುಗ್ರು ಚೊಲೊ ಕಲೀತಾವ."

ಲಂಡನ್ನಿನಲ್ಲಾದರೆ ಈ ಮಾತಿಗೆ ಚಪ್ಪಾಳೆ. ಗೌಡರು ಕೆಮ್ಮಿದರು.

"ಹೊಲಾ?"

"ಐತ್ರಿ. ಕರಕಿ ಹುಲ್ಲ ಅಗದಿ ಹುಲುಸಾಗಿ ಬೆಳೀತೈತಿ."

"ಕುಡಿಯೂದು-ಗಿಡಿಯೂದು?"

"ಇನ್ನೂ ಲಗ್ನಾನ ಆಗಿಲ್ಲಲ್ರಿ!"

ಶಿರಾ ತಾಟಿಗೆ ಮರಳಿತು. ಗೌಡರು ರುಮಾಲು ಸರಿಮಾಡಿಕೊಂಡು ನಡೆದರು.

"ಸುಮ್ನ ಕುಂತಿದ್ರ ಲಗ್ನ ಆಗಿಬಿಡತಿತ್ತಲ್ರಿ!" ಎಂದು ನನ್ನ ಹೆಂಡತಿ ಶಾಂತಾ ಹಣೆ ಬಡಿದುಕೊಂಡಳು.

"ಲೇ, ಓಡಿಹೋಗಿ ಹೊಳ್ಳಿ ಕರಕೊಂಡ ಬಾ!" ಅವ್ವ ಕೂಗಿದಳು.

ಓಡಿದೆ. ಸ್ಟೇಷನ್ನಿನ ಕಲ್ಲುಬೆಂಚಿನ ಮೇಲೆ ಗೌಡರಿಗೆ ಲಂಡನ್ನಿನವನ ಪೂರ್ತಿ ಚರಿತ್ರೆ ಒಪ್ಪಿಸಿದೆ. ನಾನಂದದ್ದು ಬರೇ ಆತನ ಶೈಲಿ, ಹುಡುಗ ಅಗದಿ ಸಭ್ಯ ಎಂದೆ. ಗೌಡರು ತಾಳ್ಮೆಯಿಂದ ಕೇಳಿದರು. ಕರಗುತ್ತಿದ್ದಾರೆ ಎನಿಸಿತು.

"ಆ ಸಾಹೇಬಗ ಲಗ್ನ ಆಗೇತೇನು?"

ವರದಿಗಾರ ಸುಳ್ಳು ಹೇಳಬಾರದು. "ಎರಡ ಸಲ ಆಗಿತ್ರಿ. ಇಬ್ಬರೂ ಬಿಟ್ಟುಹೋದ್ರು."

ರೈಲು ಅಂದು ಹೊತ್ತಿಗೆ ಸರಿಯಾಗಿ ಬಂತು!

ಬಸವರಾಜ ದಾಡಿ ಬಿಟ್ಟ. ನನ್ನೊಡನೆ ಮಾತನ್ನೂ ಬಿಟ್ಟ. ಶಾಂತಾ ನನಗೆ ದಿನಾ ಶಿರಾ ಬಡಿಸಿದಳು, ಅದೇ ಶಿರಾ, ಮುಗಿಯುವವರೆಗೆ.

ಮುಂದಿನ ವಾರ ಗೌಡರು ತಾವಾಗಿಯೇ ಬಂದರು.

"ನಡೆದದ್ದನ್ನ ಮನ್ಯಾಗ ಹೇಳಿದೆ. ನಮ್ಮ ಗಿರಿಜಾ ರೊಟ್ಟಿ ಬಡಿಯೂದು ಬಿಟ್ಟು ನಗಾಕ ಹತ್ತಿದ್ಲು. ಇಂಥಾ ಮನಿಗೇ ಹೋಗತೇನಿ ಅಂತ ಹಟಾ ಹಿಡದಾಳ."

ನನ್ನ ಎದೆ ಉಬ್ಬಿತು. ಲಂಡನ್ನಿನವನ ವಿದ್ಯೆ ದುಮ್ಮವಾಡ ಮುಟ್ಟಿತ್ತು! ಒಂದು ಮಾತು ಹೇಳೋಣವೆಂದು ಬಾಯಿ ತೆರೆದೆ.

ಗೌಡರು ಕೈ ಎತ್ತಿದರು. "ಒಂದ ಕರಾರು. ಮಾತುಕತಿಗೆ ನಿಮ್ಮವ್ವಾರು ಕೂಡಲಿ. ನೀವು ಹೊರಗ ಕಟ್ಟಿ ಮ್ಯಾಲ ಕೂಡ್ರಿ."

ಕೂತೆ. ಒಳಗೆ ಶಿರಾ ಖಾಲಿಯಾಯಿತು.

ಗಿರಿಜಾ ಈಗ ನಮ್ಮ ಮನೆಯ ಸೊಸೆ. ಮೆಟ್ರಿಕ್ ಪಾಸು. ಸಂಜೆ ರೇಡಿಯೋದಲ್ಲಿ ಲಂಡನ್ ಕೇಂದ್ರ ಹಚ್ಚುವವಳು ಅವಳೇ. ನಾನು ಮಾತಾಡಲು ಶುರುಮಾಡಿದರೆ ಅದರ ದನಿ ಜೋರು ಮಾಡುತ್ತಾಳೆ.